ನೆಬ್ರಾಸ್ಕಾ 2021: 3 ಗೆಲುವು, 9 ಸೋಲು, ಆದರೂ +63 ಅಂಕ. ಕೆಟ್ಟದ್ದು ಎಲ್ಲಿ?

ನಾಲ್ಕನೇಡೌನ್:
ಅಮೆರಿಕದ ಕಾಲೇಜು ಫುಟ್‌ಬಾಲ್‌ನಲ್ಲಿ ಸೋತ ಸೀಸನ್‌ಗಳು ಬೇಕಾದಷ್ಟಿವೆ. ಆದರೆ ನೆಬ್ರಾಸ್ಕಾದ 2021ರ ಸೀಸನ್ ಬಿಡಿಸಿ ನೋಡಲೇಬೇಕಾದದ್ದು. 12 ಪಂದ್ಯದಲ್ಲಿ 9 ಸೋಲು, ಒಂಬತ್ತೂ ಒಂದಂಕಿಯ ಅಂತರದಲ್ಲಿ. ನೆಬ್ರಾಸ್ಕಾದ ಅಂಕ ಮೊದಲು ಬರುವಂತೆ ಪಟ್ಟಿ ಇಲ್ಲಿದೆ:

ಇಲಿನಾಯ್ 22–30, ಒಕ್ಲಹೋಮ 16–23, ಮಿಷಿಗನ್ ಸ್ಟೇಟ್ 20–23 (ಓವರ್‌ಟೈಮ್), ಮಿಷಿಗನ್ 29–32, ಮಿನೆಸೋಟ 23–30, ಪರ್ಡ್ಯೂ 23–28, ಒಹಾಯೊ ಸ್ಟೇಟ್ 17–26, ವಿಸ್ಕಾನ್ಸಿನ್ 28–35, ಅಯೋವಾ 21–28.

ಗೆದ್ದದ್ದು ಫೋರ್ಡಮ್ 52–7, ಬಫಲೋ 28–3, ನಾರ್ತ್‌ವೆಸ್ಟರ್ನ್ 56–7.

ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ ಎಂದು ಕೆಲವರು, ಕೋಚ್ ಸ್ಕಾಟ್ ಫ್ರಾಸ್ಟ್ ಅವರದ್ದೇ ತಪ್ಪು ಎಂದು ಕೆಲವರು. ನನಗೆ ಎರಡರಲ್ಲೂ ಅರ್ಧ ಸತ್ಯ ಕಾಣುತ್ತದೆ. ಅಭಿಪ್ರಾಯ ಬೇಡ, ಆಟದ ಒಳಗಿನ ಕಾರಣ ಹಿಡಿದು ಬರೆಯಿರಿ.

ಲೆಕ್ಕದಪುಸ್ತಕ:
ಮೊದಲು ಕೂಡಿ ಕಳೆಯೋಣ. ಹಾಕಿದ ಅಂಕ 335, ಬಿಟ್ಟುಕೊಟ್ಟದ್ದು 272. ವ್ಯತ್ಯಾಸ +63. ಈ ಎರಡು ಸಂಖ್ಯೆಯನ್ನೂ 2.37ರ ಘಾತಕ್ಕೇರಿಸಿ, ಹಾಕಿದ್ದನ್ನು ಒಟ್ಟು ಮೊತ್ತದಿಂದ ಭಾಗಿಸಿದರೆ ಗೆಲುವಿನ ನಿರೀಕ್ಷಿತ ಪಾಲು ಸಿಗುತ್ತದೆ. ಇಲ್ಲಿ ಅದು 0.62, ಅಂದರೆ 12ರಲ್ಲಿ ಸುಮಾರು 7.4 ಗೆಲುವು. ಬಂದದ್ದು 3.

ಆದರೆ ಈ ಲೆಕ್ಕವನ್ನು ಹಾಗೇ ನುಂಗಬೇಡಿ. ಮೂರು ಗೆಲುವಿನಿಂದಲೇ +119 ಬಂದಿದೆ, ಒಂಬತ್ತು ಸೋಲಿನಿಂದ −56. ಫೋರ್ಡಮ್ ಕೆಳಗಿನ ಎಫ್‌ಸಿಎಸ್ ಹಂತದ ತಂಡ. ಅದನ್ನು ತೆಗೆದರೆ 11 ಪಂದ್ಯದಲ್ಲಿ 283–265, ಕೇವಲ +18. ಆಗಲೂ ಸೂತ್ರ 11ರಲ್ಲಿ ಹತ್ತಿರ ಹತ್ತಿರ 6 ಗೆಲುವು ಕೊಡುತ್ತದೆ. ಹಾಗಾಗಿ ಇದು 3–9ರ ಮಟ್ಟದ ತಂಡ ಅಲ್ಲ, 6 ಅಥವಾ 7 ಗೆಲ್ಲಬೇಕಿದ್ದ ತಂಡ ಅನ್ನುವುದು ನನ್ನ ನಿಲುವು. 6 ಗೆದ್ದಿದ್ದರೆ ಬೌಲ್ ಪಂದ್ಯಕ್ಕೆ, ಅಂದರೆ ಸೀಸನ್ ಮುಗಿದ ಮೇಲೆ ಆಯ್ದ ತಂಡಗಳು ಆಡುವ ಪಂದ್ಯಕ್ಕೆ, ಅರ್ಹತೆ ಸಿಗುತ್ತಿತ್ತು.

ಮೈಕ್‌52:
ಹಾಗಾದರೆ ಬರೀ ದುರದೃಷ್ಟ ಅಂತಲೇ? ಮುಂದಿನ ವರ್ಷ ತಾನಾಗಿ ಸರಿಹೋಗಬೇಕಿತ್ತಲ್ಲ. 2022ರಲ್ಲಿ ಬಂದದ್ದು 4–8.

ಲೆಕ್ಕದಪುಸ್ತಕ:
ಒಳ್ಳೆಯ ಪ್ರಶ್ನೆ. ಒಂದು ಸೀಸನ್ ಮಾತ್ರ ನೋಡಿದರೆ ಅದೃಷ್ಟ ಅನ್ನಬಹುದು, ಫ್ರಾಸ್ಟ್ ಅವರ ಪೂರ್ತಿ ಅವಧಿ ನೋಡಿದರೆ ಆಗುವುದಿಲ್ಲ. ಒಂದೇ ಸ್ಕೋರ್, ಅಂದರೆ 8 ಅಥವಾ ಅದಕ್ಕಿಂತ ಕಡಿಮೆ ಅಂಕದಲ್ಲಿ ತೀರ್ಮಾನವಾದ ಪಂದ್ಯಗಳಲ್ಲಿ ಅವರ ದಾಖಲೆ 5–22. ಇಂಥ ಪಂದ್ಯ ನಾಣ್ಯ ಚಿಮ್ಮಿದ ಹಾಗೆ ಎಂದಿಟ್ಟುಕೊಂಡರೆ, 27ರಲ್ಲಿ 5 ಅಥವಾ ಅದಕ್ಕಿಂತ ಕಡಿಮೆ ಗೆಲ್ಲುವ ಸಾಧ್ಯತೆ ಸಾವಿರದಲ್ಲಿ ಒಂದಕ್ಕಿಂತಲೂ ಕಡಿಮೆ. ಎದುರಾಳಿಗಳೇ ಬಲಿಷ್ಠರು, ನಮಗೆ ಪ್ರತಿ ಪಂದ್ಯದಲ್ಲೂ 40% ಮಾತ್ರ ಅವಕಾಶ ಎಂದುಕೊಂಡರೂ ಅದು ನೂರಕ್ಕೆ ಒಂದೂವರೆ ಸಲ ಆಗಬಹುದಾದ ಸಂಗತಿ.

ಅಂದರೆ ಪ್ರತಿ ವರ್ಷವೂ ಮರುಕಳಿಸುವ ಏನೋ ಒಂದು ದೋಷ ಇತ್ತು. ಯಾರ್ಡ್ ಲೆಕ್ಕದಲ್ಲಿ ಅದು ಸಿಗುವುದಿಲ್ಲ. ನನ್ನ ಪ್ರಕಾರ ಕಿಕ್ಕಿಂಗ್‌ನಲ್ಲಿ ಹುಡುಕಬೇಕು. ಹ್ಯಾಂಗ್‌ಟೈಮ್ ಅವರು ಬರಲಿ.

ಹ್ಯಾಂಗ್‌ಟೈಮ್:
ಬಂದೆ. ಸ್ಪೆಷಲ್ ಟೀಮ್ಸ್‌ನಿಂದ, ಅಂದರೆ ಚೆಂಡು ಒದೆಯುವ ಆಟಗಳಿಗೆ ಇಳಿಯುವ ತಂಡಗಳಿಂದ, ನೇರವಾಗಿ ಹೊಡೆತ ಬಿದ್ದ ನಾಲ್ಕು ಪಂದ್ಯ ಬಿಡಿಸಿ ಹೇಳುತ್ತೇನೆ.

ಮಿಷಿಗನ್ ಸ್ಟೇಟ್ ಪಂದ್ಯದಿಂದಲೇ ಶುರು ಮಾಡುವೆ, ಯಾಕೆಂದರೆ ಕಲಿಯಲು ಇದಕ್ಕಿಂತ ಸ್ಪಷ್ಟವಾದ ಪಂಟ್ (ಚೆಂಡನ್ನು ದೂರ ಒದ್ದು ಎದುರಾಳಿಗೆ ಕೊಡುವುದು) ಸಿಗಲಾರದು. ನಾಲ್ಕನೇ ಕ್ವಾರ್ಟರ್‌ನ ಕೊನೆ ಹತ್ತಿರ, ನೆಬ್ರಾಸ್ಕಾ 20–13 ಮುಂದಿದೆ. ದ್ವಿತೀಯಾರ್ಧದಲ್ಲಿ ಎದುರಾಳಿಯ ಆಕ್ರಮಣ ಹೆಚ್ಚುಕಡಿಮೆ ನಿಂತೇಹೋಗಿತ್ತು. ಪಂಟ್ ಬಲಕ್ಕೆ ಹೋಗಬೇಕಿತ್ತು, ಎಡಕ್ಕೆ ಹೋಯಿತು. ಕವರೇಜ್‌ನವರು (ಒದ್ದ ಚೆಂಡಿನ ಹಿಂದೆ ಓಡಿ ತಡೆಯುವವರು) ಬಲಕ್ಕೆ ಓಡುತ್ತಿದ್ದರು. ಚೆಂಡು ಹಿಡಿದವನು 62 ಯಾರ್ಡ್ ಓಡಿ (ರಿಟರ್ನ್) ಟಚ್‌ಡೌನ್ ಹೊಡೆದ, 6 ಅಂಕ, ಜೊತೆಗೆ ಎಕ್ಸ್‌ಟ್ರಾ ಪಾಯಿಂಟ್ ಕಿಕ್‌ನ 1, 20–20.

ಇದು ಯಾಕೆ ಇಷ್ಟು ದುಬಾರಿ ಅಂದರೆ, ದಿಕ್ಕು ಹಿಡಿದು ಒದೆಯುವ ಪಂಟ್‌ನಲ್ಲಿ ಹನ್ನೊಂದೂ ಮಂದಿ ಮೈದಾನವನ್ನು ಸಮವಾಗಿ ಹಂಚಿಕೊಳ್ಳುವುದಿಲ್ಲ. ಸೈಡ್‌ಲೈನನ್ನೇ ಇನ್ನೊಬ್ಬ ಟ್ಯಾಕ್ಲರ್ (ಓಟಗಾರನನ್ನು ಹಿಡಿದು ಕೆಡವುವವನು) ಎಂದು ಲೆಕ್ಕ ಹಾಕಿ, ಚೆಂಡು ಬೀಳುವ ಕಡೆಗೆ ಲೇನ್‌ಗಳನ್ನು ಬಿಗಿ ಮಾಡಿಕೊಂಡು ಓಡುತ್ತಾರೆ. ಎದುರು ಬದಿಯಲ್ಲಿ ಹೊರಗಿನಿಂದ ತಡೆಯಲು ಒಬ್ಬನೋ ಇಬ್ಬರೋ ಉಳಿದಿರುತ್ತಾರೆ. ಚೆಂಡು ಆ ಕಡೆ ಬಿದ್ದರೆ ಕವರೇಜ್ ಪೂರ್ತಿ ತಿರುಗಿ ಅಡ್ಡಕ್ಕೆ ಓಡಬೇಕು. ಅಡ್ಡಕ್ಕೆ ಓಡುವವನನ್ನು ಬ್ಲಾಕ್ ಮಾಡುವುದು ಸುಲಭ, ಹಿಂದಿನಿಂದ ಬೆನ್ನಟ್ಟುವವನಿಗೆ ಟ್ಯಾಕಲ್ ಕೋನ ಸಿಗುವುದಿಲ್ಲ. ಪಂಟ್ ಚೆನ್ನಾಗಿತ್ತೇ ಕೆಟ್ಟದಾಗಿತ್ತೇ ಅನ್ನುವುದು ಆಮೇಲಿನ ಮಾತು, ತಪ್ಪು ಬದಿಗೆ ಹೋದ ಚಂದದ ಪಂಟ್ ಇನ್ನೂ ಅಪಾಯ.

ಒಕ್ಲಹೋಮ: ನೆಬ್ರಾಸ್ಕಾ ಟಚ್‌ಡೌನ್ ಹೊಡೆದು 9–14 ಮಾಡಿತು. ಎಕ್ಸ್‌ಟ್ರಾ ಪಾಯಿಂಟ್ ಬ್ಲಾಕ್ ಆಯಿತು, ಎದುರಾಳಿ ಅದನ್ನು ಎತ್ತಿಕೊಂಡು ಇನ್ನೊಂದು ತುದಿವರೆಗೆ ಓಡಿದ. ಕಾಲೇಜಿನಲ್ಲಿ 1988ರಿಂದ ಇದಕ್ಕೆ 2 ಅಂಕ. 10–14 ಆಗಬೇಕಿದ್ದದ್ದು 9–16. ಮೂರು ಅಂಕದ ಏರುಪೇರು, ಅದಕ್ಕಿಂತ ಹೆಚ್ಚಾಗಿ ಅಂತರ ಫೀಲ್ಡ್ ಗೋಲ್ (ಒದ್ದು ಗಳಿಸುವ 3 ಅಂಕ) ಮತ್ತು ಸ್ವಲ್ಪ ಅನ್ನುವುದರಿಂದ ಪೂರ್ತಿ ಟಚ್‌ಡೌನ್‌ಗೆ ಏರಿತು.

ಇಲಿನಾಯ್: ಎರಡು ಎಕ್ಸ್‌ಟ್ರಾ ಪಾಯಿಂಟ್ ತಪ್ಪಿದವು, ಗೋಲ್ ಲೈನ್ ಬಳಿ ಹಿಡಿದ ಪಂಟ್ ಸೇಫ್ಟಿಯಲ್ಲಿ (ತಮ್ಮದೇ ಗೋಲ್ ಲೈನ್ ಹಿಂದೆ ಸಿಕ್ಕಿಬಿದ್ದು ಎದುರಾಳಿಗೆ 2 ಅಂಕ) ಮುಗಿಯಿತು. ಅಲ್ಲಿಗೆ 4 ಅಂಕ. ಸೇಫ್ಟಿಯಾದ ಮೇಲೆ ಚೆಂಡೂ ಎದುರಾಳಿಗೇ ಒದ್ದು ಕೊಡಬೇಕು, ಅದನ್ನು ಜನ ಮರೆಯುತ್ತಾರೆ.

ಅಯೋವಾ: 21–6 ಮುಂದಿದ್ದ ಪಂದ್ಯ. ಪಂಟ್ ಬ್ಲಾಕ್ ಆಗಿ ಅದೇ ಟಚ್‌ಡೌನ್ ಆಯಿತು, ಮುಂದೆ ಆಕ್ರಮಣ ಒಂದು ಸೇಫ್ಟಿಯನ್ನೂ ಬಿಟ್ಟುಕೊಟ್ಟಿತು. ಒಟ್ಟು 22 ಅಂಕ ಸತತವಾಗಿ ಹೋಗಿ 21–28.

ಮೈಕ್‌52:
ಪಂಟ್ ಬ್ಲಾಕ್ ಆಗುವುದಕ್ಕೆ ಲೈನ್ ತಪ್ಪೋ, ಪಂಟರ್ ನಿಧಾನವೋ? ಟಿವಿಯಲ್ಲಿ ನೋಡಿದಾಗ ಗೊತ್ತೇ ಆಗುವುದಿಲ್ಲ.

ಹ್ಯಾಂಗ್‌ಟೈಮ್:
ಸ್ಟಾಪ್‌ವಾಚ್ ಇದ್ದರೆ ಗೊತ್ತಾಗುತ್ತದೆ. ಪಂಟರ್ ಸುಮಾರು 15 ಯಾರ್ಡ್ ಹಿಂದೆ ನಿಂತಿರುತ್ತಾನೆ. ಒಳ್ಳೆಯ ಲಾಂಗ್ ಸ್ನ್ಯಾಪರ್ (ಚೆಂಡನ್ನು ಕಾಲುಗಳ ನಡುವಿನಿಂದ ಹಿಂದಕ್ಕೆ ಎಸೆಯುವವನು) ಕೈಯಿಂದ ಚೆಂಡು 0.75ರಿಂದ 0.8 ಸೆಕೆಂಡಿನಲ್ಲಿ ತಲುಪಬೇಕು. ಹಿಡಿದು, ತಿರುಗಿಸಿಕೊಂಡು, ಒದೆಯಲು ಇನ್ನು 1.2–1.3. ಒಟ್ಟು 2.0ರಿಂದ 2.1. ಒಟ್ಟು 2.1ರ ಒಳಗಿದ್ದೂ ಬ್ಲಾಕ್ ಆದರೆ ರಕ್ಷಣೆಯ ತಪ್ಪು: ಯಾರೋ ಒಬ್ಬ ತನ್ನ ಮನುಷ್ಯನನ್ನು ಎಣಿಸಿಲ್ಲ, ಇಲ್ಲವೇ ಶೀಲ್ಡ್‌ನ, ಅಂದರೆ ಪಂಟರ್ ಮುಂದೆ ಗೋಡೆಯಂತೆ ನಿಲ್ಲುವ, ಮೂವರಲ್ಲಿ ಒಬ್ಬ ಪಕ್ಕಕ್ಕೆ ಸರಿದು ನಡುವೆ ಸಂದು ಬಿಟ್ಟಿದ್ದಾನೆ. 2.3 ದಾಟಿದ್ದರೆ ಲೈನ್‌ನವರನ್ನು ಬೈದು ಪ್ರಯೋಜನವಿಲ್ಲ.

ಸ್ನ್ಯಾಪ್ ವೇಗವಾಗಿದ್ದರೆ ಸಾಲದು, ಒದೆಯುವ ಕಾಲಿನ ಸೊಂಟದ ನೇರಕ್ಕೆ ಬರಬೇಕು. ಒಂದಡಿ ಎಡಕ್ಕೆ ಬಂದರೆ ಪಂಟರ್ ಎಡಕ್ಕೆ ಹೆಜ್ಜೆ ಹಾಕುತ್ತಾನೆ. ಅವನು ಎಲ್ಲಿಂದ ಒದೆಯುತ್ತಾನೆ ಎಂದು ಶೀಲ್ಡ್ ನಂಬಿ ನಿಂತಿದೆಯೋ ಆ ಜಾಗವೇ ಬದಲಾಗುತ್ತದೆ. ಪಂಟರ್‌ನ ನಿಧಾನ ಅಂದುಕೊಂಡದ್ದು ಎಷ್ಟೋ ಸಲ ಸ್ನ್ಯಾಪರ್‌ನ ಗುರಿ ತಪ್ಪಿದ್ದಾಗಿರುತ್ತದೆ.

ಎಕ್ಸ್‌ಟ್ರಾ ಪಾಯಿಂಟ್‌ಗೆ ಬೇರೆ ಲೆಕ್ಕ. ಹೋಲ್ಡರ್ (ಒದೆಯಲು ಚೆಂಡನ್ನು ನೆಲದ ಮೇಲೆ ಹಿಡಿಯುವವನು) 7 ಯಾರ್ಡ್ ಹಿಂದೆ, ಸ್ನ್ಯಾಪ್‌ನಿಂದ ಒದೆಯುವವರೆಗೆ 1.3 ಸೆಕೆಂಡ್. ಅಲ್ಲಿ ಲೈನ್‌ನವರು ಹಿಂದೆ ಸರಿಯಲೇಬಾರದು, ಒಳಗಿನ ಸಂದು ಮೊದಲು ಮುಚ್ಚಬೇಕು. ಹೊರಗಿನಿಂದ ಬರುವವನಿಗೆ ದೂರ ಹೆಚ್ಚು, ಅವನು ತಡವಾಗುತ್ತಾನೆ. ನಡುವಿನಲ್ಲಿ ಸೆಂಟರ್ ಮತ್ತು ಗಾರ್ಡ್ ಒಂದು ಯಾರ್ಡ್ ಹಿಂದೆ ತಳ್ಳಿಸಿಕೊಂಡರೆ ಎತ್ತಿದ ಕೈ ಚೆಂಡಿನ ದಾರಿಗೇ ಬರುತ್ತದೆ. ಕಿಕ್ಕರ್ ಕೆಳಮಟ್ಟದಲ್ಲಿ ಒದೆಯುವವನಾದರೆ ಅಷ್ಟೂ ಬೇಡ.

ಎಡಟ್ಯಾಕಲ್:
ಹ್ಯಾಂಗ್‌ಟೈಮ್ ಅವರು ಹೇಳಿದ್ದೆಲ್ಲ ಒಪ್ಪುತ್ತೇನೆ, ಆದರೆ ಒಂಬತ್ತರಲ್ಲಿ ನಾಲ್ಕಕ್ಕೆ ಮಾತ್ರ ಉತ್ತರ ಬಂತು. ಉಳಿದ ಐದು?

ಮಿಷಿಗನ್ ಪಂದ್ಯ 29–29 ಇದ್ದಾಗ ಕ್ವಾರ್ಟರ್‌ಬ್ಯಾಕ್ (ಆಕ್ರಮಣ ನಡೆಸುವ, ಚೆಂಡು ಎಸೆಯುವ ಆಟಗಾರ) ಕೈಯಿಂದ ಚೆಂಡು ಕಿತ್ತುಕೊಂಡರು, ಅದರಿಂದ ಬಂದ ಫೀಲ್ಡ್ ಗೋಲ್‌ನಲ್ಲೇ 29–32. ಪರ್ಡ್ಯೂ ಎದುರು ನಾಲ್ಕು ಇಂಟರ್‌ಸೆಪ್ಷನ್ (ಎಸೆದ ಚೆಂಡು ಎದುರಾಳಿಯ ಕೈಗೆ). ಮಿಷಿಗನ್ ಸ್ಟೇಟ್ ಓವರ್‌ಟೈಮ್‌ನಲ್ಲೂ ಇಂಟರ್‌ಸೆಪ್ಷನ್ನೇ. ಓವರ್‌ಟೈಮ್‌ನಲ್ಲಿ 25 ಯಾರ್ಡ್ ಲೈನ್‌ನಿಂದ ಶುರು, ಮೊದಲು ಆಡುವವರು ಚೆಂಡು ಕಳೆದುಕೊಂಡರೆ ಎದುರಾಳಿಗೆ ಒಂದು ಫೀಲ್ಡ್ ಗೋಲ್ ಸಾಕು. ಮೂರು ಸಲ ನಡುವಿನಲ್ಲಿ ಓಡಿ ಕಿಕ್ಕರ್‌ನನ್ನು ಕರೆದರೆ ಕೆಲಸ ಮುಗಿಯಿತು.

ಮಿಷಿಗನ್ ಪಂದ್ಯದ ಆ ಫಂಬಲ್ (ಕೈಯಿಂದ ಚೆಂಡು ಹೋದದ್ದು) ಒಂದು ನಮೂನೆ. ಓಟಗಾರನ ಮುನ್ನಡೆ ನಿಂತಿದೆ, ಅಂಪೈರ್ ವಿಸಿಲ್ ಇನ್ನೂ ಬಂದಿಲ್ಲ, ಅವನು ನೆಟ್ಟಗೆ ನಿಂತು ಇನ್ನೊಂದು ಯಾರ್ಡ್‌ಗೆ ಹೆಣಗುತ್ತಿದ್ದಾನೆ. ಮೊದಲ ಟ್ಯಾಕ್ಲರ್ ಹಿಡಿದಿಟ್ಟುಕೊಳ್ಳುತ್ತಾನೆ, ಎರಡನೆಯವನು ಚೆಂಡಿಗೇ ಕೈ ಹಾಕುತ್ತಾನೆ. ಚೆಂಡು ಬೆರಳು, ಅಂಗೈ, ಮುಂದೋಳು, ತೋಳು, ಎದೆ ಈ ಐದಕ್ಕೂ ಒತ್ತಿಕೊಂಡಿರಬೇಕು, ಗುಂಪಿನೊಳಗೆ ಹೋದಾಗ ಎರಡನೇ ಕೈ ಮೇಲೆ ಬರಬೇಕು. ಕ್ವಾರ್ಟರ್‌ಬ್ಯಾಕ್‌ಗಳಿಗೆ ಈ ಅಭ್ಯಾಸ ಕಡಿಮೆ, ಯಾಕೆಂದರೆ ಅಭ್ಯಾಸದಲ್ಲಿ ಅವರನ್ನು ಯಾರೂ ಮುಟ್ಟುವುದಿಲ್ಲ. ಅವನಿಂದಲೇ ಪಂದ್ಯಕ್ಕೆ ಹತ್ತಾರು ಓಟ ಮಾಡಿಸುವ ತಂಡ ಆ ಅಭ್ಯಾಸಕ್ಕೆ ಬೇರೆ ಸಮಯ ಇಡಲೇಬೇಕು.

ಆದರೆ ಬೇರು ಇರುವುದು ಇನ್ನೂ ಹಿಂದೆ, ಮೊದಲ ಡೌನ್‌ನಲ್ಲಿ, ಅಂದರೆ 10 ಯಾರ್ಡ್ ಸಾಗಲು ಸಿಗುವ ನಾಲ್ಕು ಯತ್ನಗಳಲ್ಲಿ ಮೊದಲನೆಯದರಲ್ಲಿ. ಯಶಸ್ವಿ ಪ್ಲೇ ಎಂದು ಎಣಿಸುವ ಅಳತೆ ಗೊತ್ತಲ್ಲ: ಮೊದಲ ಡೌನ್‌ನಲ್ಲಿ ಬೇಕಾದದ್ದರ 50%, ಎರಡನೆಯದರಲ್ಲಿ ಉಳಿದದ್ದರ 70%, ಮೂರು ಮತ್ತು ನಾಲ್ಕರಲ್ಲಿ ಪೂರ್ತಿ. ಮೊದಲ ಡೌನ್‌ನಲ್ಲಿ 5 ಬಂದರೆ ಎರಡನೆಯದಕ್ಕೆ ಪ್ಲೇಬುಕ್ ಪೂರ್ತಿ ತೆರೆದಿರುತ್ತದೆ. ಹೋಲ್ಡಿಂಗ್ (ಎದುರಾಳಿಯನ್ನು ಅಕ್ರಮವಾಗಿ ಹಿಡಿಯುವ ತಪ್ಪು) ಆಗಿ ದಂಡಕ್ಕೆ 10 ಹಿಂದೆ ಹೋದರೆ ಮೂರನೇ ಡೌನ್ ಹೊತ್ತಿಗೆ 12, 14 ಉಳಿದಿರುತ್ತದೆ. ಆಗ ಡಿಫೆನ್ಸ್ ಲೈನ್ ಓಟದ ಯೋಚನೆ ಬಿಟ್ಟು ಕ್ವಾರ್ಟರ್‌ಬ್ಯಾಕ್ ಮೇಲೆಯೇ ಬೀಳುತ್ತದೆ.

ಅಲ್ಲಿ ಲೈನ್ ಒಡೆಯುವುದು ಸಾಮಾನ್ಯವಾಗಿ ಟ್ವಿಸ್ಟ್‌ಗೆ. ಎದುರಿನ ಟ್ಯಾಕಲ್ (ಡಿಫೆನ್ಸ್ ಲೈನ್‌ನ ನಡುವಿನವನು) ಹೊರಕ್ಕೆ ನುಗ್ಗುತ್ತಾನೆ, ಎಂಡ್ (ಅಂಚಿನವನು) ಅವನ ಬೆನ್ನ ಹಿಂದೆ ಸುತ್ತಿ ಒಳಕ್ಕೆ ಬರುತ್ತಾನೆ. ನಮ್ಮ ಗಾರ್ಡ್ ತನ್ನ ಮನುಷ್ಯನ ಹಿಂದೆಯೇ ಹೊರಗೆ ಹೋದರೆ ಒಳಗೆ ಬಾಗಿಲು ತೆರೆದ ಹಾಗೆ. ನಮ್ಮ ಗಾರ್ಡ್ ಮತ್ತು ಅವನ ಹೊರಬದಿಯ ನಮ್ಮ ಟ್ಯಾಕಲ್ ಒಂದೇ ಆಳದಲ್ಲಿ ನಿಂತಿದ್ದರೆ ಮಾತ್ರ ಒಬ್ಬರಿಗೊಬ್ಬರು ಹಸ್ತಾಂತರಿಸಬಹುದು. ಒಬ್ಬ ಎರಡು ಹೆಜ್ಜೆ ಹಿಂದಿದ್ದರೆ ಇಬ್ಬರೂ ಡಿಕ್ಕಿ ಹೊಡೆದು ನಿಲ್ಲುತ್ತಾರೆ. ಅಕ್ಕಪಕ್ಕದವರು ವಾರವಾರವೂ ಬದಲಾದರೆ ಈ ಹೊಂದಾಣಿಕೆ ಬರುವುದೇ ಇಲ್ಲ. ಲೈನ್ ಕೋಚ್‌ಗಳು ಐವರನ್ನು ಒಮ್ಮೆ ನಿಲ್ಲಿಸಿದ ಮೇಲೆ ಬದಲಿಸಲು ಹಿಂಜರಿಯುವುದು ಇದಕ್ಕೇ.

ಲೆಕ್ಕದಪುಸ್ತಕ:
ಫಂಬಲ್ ಬಗ್ಗೆ ಒಂದು ಸೇರಿಸುವೆ. ಬಿದ್ದ ಚೆಂಡು ಯಾರ ಕೈಗೆ ಹೋಗುತ್ತದೆ ಅನ್ನುವುದು ದೀರ್ಘಕಾಲದಲ್ಲಿ ಅರ್ಧಕ್ಕರ್ಧ, ಅದು ಅದೃಷ್ಟ. ಚೆಂಡು ಬೀಳುವುದು ಅದೃಷ್ಟವಲ್ಲ. ಆದ್ದರಿಂದ ಟರ್ನೋವರ್ ವ್ಯತ್ಯಾಸ (ಎರಡೂ ಕಡೆ ಚೆಂಡು ಕಳೆದುಕೊಂಡ ಲೆಕ್ಕ) ನೋಡಬೇಡಿ, ಎಷ್ಟು ಸಲ ಚೆಂಡು ನೆಲಕ್ಕೆ ಬಿತ್ತು ಅನ್ನುವುದನ್ನು ಎಣಿಸಿ.

ಬೌಲ್‌ಲೆಕ್ಕ:
6 ಗೆಲುವಿನ ಮಾತು ಬಂದದ್ದರಿಂದ: ಬೌಲ್‌ಗಳಿಗೆ ಸಾಕಷ್ಟು ತಂಡ ಸಿಗದಿದ್ದರೆ 5–7 ತಂಡಗಳನ್ನೂ ಕರೆಯುತ್ತಾರೆ, ಆಟಗಾರರ ಓದಿನ ಪ್ರಗತಿಯ ಅಂಕದ ಕ್ರಮದಲ್ಲಿ. 2015ರ ಸೀಸನ್‌ನಲ್ಲಿ ನೆಬ್ರಾಸ್ಕಾ, ಮಿನೆಸೋಟ, ಸ್ಯಾನ್ ಹೋಸೆ ಸ್ಟೇಟ್ ಹೀಗೆ ಹೋಗಿ ಮೂರೂ ಗೆದ್ದವು. ನೆಬ್ರಾಸ್ಕಾ ಯುಸಿಎಲ್‌ಎಯನ್ನು 37–29ಕ್ಕೆ ಸೋಲಿಸಿತು. ಎಫ್‌ಸಿಎಸ್ ತಂಡದ ಮೇಲಿನ ಗೆಲುವು ವರ್ಷಕ್ಕೆ ಒಂದು ಮಾತ್ರ ಲೆಕ್ಕಕ್ಕೆ ಬರುತ್ತದೆ.

ಬೌಲ್ ತಪ್ಪಿದರೆ ಹೋಗುವುದು ಗೌರವ ಮಾತ್ರವಲ್ಲ, ಡಿಸೆಂಬರ್‌ನ ಅಭ್ಯಾಸದ ದಿನಗಳೂ ಹೋಗುತ್ತವೆ. ವಸಂತದಲ್ಲಿ ಸಿಗುವುದೇ 15 ಅಭ್ಯಾಸ. ಬೌಲ್‌ಗೆ ಹೋದ ತಂಡ ಅದರ ಹತ್ತಿರದಷ್ಟನ್ನು ಹೆಚ್ಚುವರಿಯಾಗಿ ಕಿರಿಯರಿಗೆ ಕೊಡಬಹುದು. ನೆಬ್ರಾಸ್ಕಾ 2016ರ ನಂತರ 2024ರವರೆಗೆ ಬೌಲ್‌ಗೇ ಹೋಗಲಿಲ್ಲ. ಸೋತ ತಂಡ ಸೋಲುತ್ತಲೇ ಇರುವುದಕ್ಕೆ ಇದೂ ಒಂದು ಕಾರಣ.

ರೋಸ್ಟರ್‌ನೋಟ:
ಆಡಳಿತದ ಕಡೆ ಏನಾಯಿತು ಅನ್ನುವುದನ್ನೂ ನೋಡಬೇಕು. 2021ರ ನವೆಂಬರ್‌ನಲ್ಲಿ, ಇನ್ನೂ ಎರಡು ಪಂದ್ಯ ಉಳಿದಿರುವಾಗಲೇ, ಆಕ್ರಮಣದ ನಾಲ್ಕು ಸಹಾಯಕ ಕೋಚ್‌ಗಳನ್ನು ತೆಗೆದರು: ಕೋಆರ್ಡಿನೇಟರ್, ಲೈನ್, ರನ್ನಿಂಗ್ ಬ್ಯಾಕ್, ಕ್ವಾರ್ಟರ್‌ಬ್ಯಾಕ್. ಫ್ರಾಸ್ಟ್ ಸಂಬಳ 50 ಲಕ್ಷ ಡಾಲರ್‌ನಿಂದ 40 ಲಕ್ಷಕ್ಕೆ ಇಳಿಯಿತು, ಅವರೇ ಉಳಿದರು. 2022ರ ಮೊದಲ ಪಂದ್ಯ ಡಬ್ಲಿನ್‌ನಲ್ಲಿ, ನಾರ್ತ್‌ವೆಸ್ಟರ್ನ್ ಎದುರು. 28–17 ಮುಂದಿದ್ದಾಗ ಆನ್‌ಸೈಡ್ ಕಿಕ್ (ಹತ್ತಿರಕ್ಕೇ ಒದ್ದು ಚೆಂಡನ್ನು ತಾವೇ ಮರಳಿ ಪಡೆಯುವ ಯತ್ನ) ಮಾಡಿಸಿದರು, ಎದುರಾಳಿಗೆ ಅರ್ಧ ಮೈದಾನ ಸಿಕ್ಕಿತು, 28–31 ಸೋಲು. ಕೋಚ್‌ಗಳು ಬದಲಾದರು, ಪಂದ್ಯದ ನಡುವೆ ತೀರ್ಮಾನ ತೆಗೆದುಕೊಳ್ಳುವವರು ಬದಲಾಗಲಿಲ್ಲ. ಎರಡು ವಾರದ ಮೇಲೆ ಜಾರ್ಜಿಯಾ ಸದರ್ನ್ ಎದುರು 42–45 ಸೋತಾಗ ಅವರನ್ನು ತೆಗೆದರು, 1.5 ಕೋಟಿ ಡಾಲರ್ ಬೈಔಟ್ (ಒಪ್ಪಂದ ಮುರಿದದ್ದಕ್ಕೆ ಪರಿಹಾರ) ಕೊಟ್ಟು. ಅಕ್ಟೋಬರ್ 1ರವರೆಗೆ ಕಾದಿದ್ದರೆ ಅದು ಅರ್ಧಕ್ಕಿಳಿಯುತ್ತಿತ್ತು.

ಇದನ್ನು ಫ್ಲಾರಿಡಾ ಸ್ಟೇಟ್‌ನ 2024ಕ್ಕೆ ಹೋಲಿಸಿ. 2023ರಲ್ಲಿ 13–1, ಮರುವರ್ಷ 2–10. ಆದರೆ ಅದು ಕೂದಲೆಳೆಯ ಸೋಲುಗಳ ಸೀಸನ್ ಅಲ್ಲ, ನಾಟ್ರಡೇಮ್ ಎದುರು 3–52 ಆದ ಸೀಸನ್. ಟ್ರಾನ್ಸ್‌ಫರ್ ಪೋರ್ಟಲ್‌ನಿಂದ, ಅಂದರೆ ಬೇರೆ ಕಾಲೇಜುಗಳಿಂದ, ತಂದವರ ಮೇಲೆ ನಿಂತ ತಂಡದಿಂದ ಒಂದು ತಲೆಮಾರು ಒಮ್ಮೆಲೇ ಹೊರಟುಹೋದಾಗ, ಹಿಂದೆ ಬೆಳೆಸಿದ ಎರಡನೇ, ಮೂರನೇ ವರ್ಷದ ಹುಡುಗರು ಇರುವುದಿಲ್ಲ. ಅಲ್ಲಿ ಕೋಆರ್ಡಿನೇಟರ್‌ಗಳನ್ನು ಬದಲಿಸಿದರು, 2025ರ ಮೊದಲ ಪಂದ್ಯದಲ್ಲಿ ಅಲಬಾಮಾವನ್ನು 31–17ಕ್ಕೆ ಸೋಲಿಸಿದರು, ಆದರೂ ವರ್ಷ ಮುಗಿದದ್ದು 5–7ಕ್ಕೆ.

ಇನ್ನೊಂದು ದಾರಿ ಇಂಡಿಯಾನಾದ್ದು. 2023ರಲ್ಲಿ 3–9, 2024ರಲ್ಲಿ 11–2. ಹೊಸ ಕೋಚ್ ಕರ್ಟ್ ಸಿಗ್ನೆಟ್ಟಿ ತಮ್ಮ ಹಿಂದಿನ ಜೇಮ್ಸ್ ಮ್ಯಾಡಿಸನ್ ತಂಡದ 13 ಆಟಗಾರರನ್ನು ಜೊತೆಗೇ ತಂದರು. ಅವರಿಗೆ ಪ್ಲೇಬುಕ್ ಗೊತ್ತಿತ್ತು, ಅಭ್ಯಾಸದ ಕ್ರಮ ಗೊತ್ತಿತ್ತು, ಉಳಿದವರಿಗೆ ಅವರೇ ಹೇಳಿಕೊಟ್ಟರು. ಪೋರ್ಟಲ್ ಅನ್ನುವುದು ಒಂದೇ, ಬಳಸಿದ ರೀತಿ ಬೇರೆ.

ಮೈಕ್‌52:
ಹಾಗಾದರೆ ನೆಬ್ರಾಸ್ಕಾ 2021ರಲ್ಲಿ ತೆಗೆಯಬೇಕಿದ್ದದ್ದು ಆಕ್ರಮಣದವರನ್ನಲ್ಲ, ಸ್ಪೆಷಲ್ ಟೀಮ್ಸ್ ವ್ಯವಸ್ಥೆಯನ್ನೇ ಸರಿಮಾಡಬೇಕಿತ್ತು ಅಂತಲೇ?

ರೋಸ್ಟರ್‌ನೋಟ:
ಎರಡೂ. ಆದರೆ ಆಗ ಸಹಾಯಕ ಕೋಚ್‌ಗಳ ಮಿತಿ 10. ಕಿಕ್ಕಿಂಗ್‌ಗೆ ಪೂರ್ತಿ ಒಬ್ಬರನ್ನು ಇಟ್ಟರೆ ಬೇರೆ ಯಾವುದೋ ಸ್ಥಾನಕ್ಕೆ ಒಬ್ಬರು ಕಡಿಮೆ, ಅದಕ್ಕೇ ಎಷ್ಟೋ ತಂಡಗಳು ಆ ಕೆಲಸವನ್ನು ಹಂಚಿಬಿಡುತ್ತಿದ್ದವು. 2024ರಿಂದ ಅನಲಿಸ್ಟ್‌ಗಳೂ ಮೈದಾನದಲ್ಲಿ ಕಲಿಸಬಹುದು. ಈಗ ಆ ನೆಪ ಯಾರಿಗೂ ಇಲ್ಲ.

ನಾಲ್ಕನೇಡೌನ್:
ಸಮಯ ಎಲ್ಲಿಂದ ತರುವುದು? ಸೀಸನ್ ನಡುವೆ ವಾರಕ್ಕೆ 20 ಗಂಟೆ, ಅಷ್ಟೇ.

ಹ್ಯಾಂಗ್‌ಟೈಮ್:
20ರಲ್ಲಿ ಪಂದ್ಯದ ದಿನಕ್ಕೆ 3 ಗಂಟೆ ಎಂದು ಹಿಡಿಯುತ್ತಾರೆ, ಉಳಿಯುವುದು 17. ದಿನಕ್ಕೆ 4ಕ್ಕಿಂತ ಹೆಚ್ಚಿಲ್ಲ, ವಾರಕ್ಕೊಂದು ದಿನ ಪೂರ್ತಿ ರಜೆ. ಅದರಲ್ಲೇ ಮೀಟಿಂಗ್, ವೀಡಿಯೊ, ವೇಟ್ಸ್ ಎಲ್ಲ. ಆದ್ದರಿಂದ ಸಮಯ ಹೆಚ್ಚಿಸುವುದಲ್ಲ, ಇರುವ ಸಮಯದ ಜಾಗ ಬದಲಿಸುವುದು.

ಪಂಟ್ ಅಭ್ಯಾಸವನ್ನು ಕೊನೆಯಲ್ಲಿ ಇಡಬೇಡಿ, ಅಲ್ಲಿ ಎಲ್ಲರೂ ಕೈಬಿಟ್ಟಿರುತ್ತಾರೆ. ನಡುವೆ, ಮುನ್ಸೂಚನೆ ಇಲ್ಲದೆ ಕರೆಯಿರಿ. ಪಂದ್ಯದಲ್ಲಿ ಮೂರನೇ ಡೌನ್ ವಿಫಲವಾದ ಕೂಡಲೇ ಪಂಟ್ ತಂಡ ಓಡಿ ಬರಬೇಕಲ್ಲ, ಹಾಗೇ ಅಭ್ಯಾಸದಲ್ಲೂ ವಿಫಲವಾದ ಡೌನ್ ಬೆನ್ನಿಗೇ ಬರಲಿ. ಹನ್ನೊಂದು ಜನ ಎಣಿಸಿ ನಿಲ್ಲಲಿ. ದಿಕ್ಕಿನ ಕರೆಯನ್ನು ಪಂಟರ್ ಕೇಳಿದರೆ ಸಾಲದು, ಇಬ್ಬರು ಗನ್ನರ್‌ಗಳೂ (ಎರಡು ಅಂಚುಗಳಿಂದ ಓಡಿ ರಿಟರ್ನರ್‌ನನ್ನು ಮೊದಲು ತಲುಪುವವರು) ಶೀಲ್ಡ್‌ನ ನಡುವಿನವನೂ ತಿರುಗಿ ಹೇಳಬೇಕು. ಸ್ಟೇಡಿಯಮ್ ಗದ್ದಲದಲ್ಲಿ ಬಾಯಿ ಮಾತು ನಡೆಯದು, ಕೈಸನ್ನೆಯೂ ಜೊತೆಗಿರಲಿ. ಪಂಟ್ ತಪ್ಪು ಬದಿಗೆ ಹೋದಾಗ ಕೂಗುವ ಒಂದು ಪದವನ್ನೂ ನಿಗದಿ ಮಾಡಿ, ಅದನ್ನು ಕೂಗುವುದು ಶೀಲ್ಡ್‌ನವರ ಕೆಲಸ, ಅವರಿಗೇ ಮೊದಲು ಕಾಣುವುದು. ವಾರಕ್ಕೆ ಎರಡು ಸಲ ಬೇಕೆಂದೇ ತಪ್ಪು ಬದಿಗೆ ಒದೆಸಿ.

ರಿಟರ್ನರ್‌ಗೆ ಒಂದೇ ನಿಯಮ: ಹಿಮ್ಮಡಿ ತಮ್ಮ 10 ಯಾರ್ಡ್ ಲೈನ್ ಮೇಲೆ. ಚೆಂಡು ತಲೆ ಮೇಲಿಂದ ಹೋದರೆ ಬಿಟ್ಟುಬಿಡಿ, ಎಂಡ್ ಝೋನ್‌ಗೆ ಉರುಳಿದರೆ 20ರಿಂದ ಆಟ. ಇಲಿನಾಯ್ ಪಂದ್ಯದ ಆ 2 ಅಂಕ ಹೀಗೆ ಉಳಿಯುತ್ತಿತ್ತು.

ಎಡಟ್ಯಾಕಲ್:
ಒಂದು ತಕರಾರು. ಸ್ಪೆಷಲ್ ಟೀಮ್ಸ್‌ಗೆ ಮೊದಲ ಸಾಲಿನ ಆಟಗಾರರನ್ನು ಬಳಸಿದರೆ ಗಾಯದ ಅಪಾಯ, ಕೊನೆ ಕ್ವಾರ್ಟರ್‌ಗೆ ದಣಿವು.

ಹ್ಯಾಂಗ್‌ಟೈಮ್:
ನಿಜ, ಹನ್ನೊಂದೂ ಬೇಡ. ಗನ್ನರ್ ಇಬ್ಬರು, ಶೀಲ್ಡ್‌ನ ನಡುವಿನವನು, ಈ ಮೂರು ಜಾಗಕ್ಕೆ ರಾಜಿ ಬೇಡ. ಉಳಿದದ್ದಕ್ಕೆ ಎರಡನೇ ಸಾಲಿನ ಲೈನ್‌ಬ್ಯಾಕರ್, ಸೇಫ್ಟಿ ಸ್ಥಾನದ ಡಿಫೆನ್ಸ್ ಆಟಗಾರರು ಸಾಕು. ಹೊಸಬರನ್ನು ನಾಲ್ಕು ಪಂದ್ಯದವರೆಗೆ ಆಡಿಸಿದರೂ ಅವರ ರೆಡ್‌ಶರ್ಟ್ ವರ್ಷ ಉಳಿಯುತ್ತದೆ, ಅಂದರೆ ಆಡುವ ಅರ್ಹತೆಯ ಒಂದು ವರ್ಷ ಖರ್ಚಾಗುವುದಿಲ್ಲ. 2018ರಿಂದ ಇರುವ ನಿಯಮ ಅದು. ಯಾವ ನಾಲ್ಕು ಎಂಬುದನ್ನು ಸೀಸನ್‌ಗೆ ಮೊದಲೇ ಗುರುತು ಹಾಕಿಟ್ಟುಕೊಳ್ಳಿ, ನವೆಂಬರ್‌ನಲ್ಲಿ ಗಾಯಗಳು ಹೆಚ್ಚಾದಾಗ ಒದಗುತ್ತದೆ.

ನಾಲ್ಕನೇಡೌನ್:
ನೆಬ್ರಾಸ್ಕಾಕ್ಕೆ ಹೊಸ ಕೋಚ್ ಮ್ಯಾಟ್ ರೂಲ್ ಬಂದ ಮೊದಲ ವರ್ಷ, 2023ರಲ್ಲೂ 5–3 ಇದ್ದದ್ದು 5–7 ಆಯಿತಲ್ಲ. ಕೊನೆಯ ನಾಲ್ಕು 17–20, 10–13, 17–24, 10–13. ಮತ್ತೆ ಅದೇ ರೋಗವೇ?

ಲೆಕ್ಕದಪುಸ್ತಕ:
ಅಂತರ ಅದೇ, ರೋಗ ಬೇರೆ. 2021ರ ತಂಡ ಸೋತ ಪಂದ್ಯಗಳಲ್ಲೂ ಸರಾಸರಿ 22 ಅಂಕ ಹಾಕಿತ್ತು. 2023ರ ಈ ನಾಲ್ಕರಲ್ಲಿ ಸರಾಸರಿ 13.5. ಡಿಫೆನ್ಸ್ ಎದುರಾಳಿಯನ್ನು 13ಕ್ಕೆ ನಿಲ್ಲಿಸಿಯೂ ಸೋತರೆ ಕಿಕ್ಕಿಂಗ್ ಅನ್ನು ದೂರಿ ಫಲವಿಲ್ಲ, ಚೆಂಡು ಕಳೆದುಕೊಳ್ಳುವ ಆಕ್ರಮಣವೇ ಕಾರಣ. 2024ರಲ್ಲಿ 7–6, ಪಿನ್‌ಸ್ಟ್ರೈಪ್ ಬೌಲ್‌ನಲ್ಲಿ ಬಾಸ್ಟನ್ ಕಾಲೇಜನ್ನು 20–15ಕ್ಕೆ ಸೋಲಿಸಿದರು.

ಮೈಕ್‌52:
ಕೊನೆಯದೊಂದು. ಹ್ಯಾಂಗ್ ಟೈಮ್ ಅನ್ನು, ಅಂದರೆ ಪಂಟ್ ಗಾಳಿಯಲ್ಲಿರುವ ಹೊತ್ತನ್ನು, ಟಿವಿ ನೋಡಿಕೊಂಡೇ ಅಳೆಯುವುದು ಹೇಗೆ?

ಹ್ಯಾಂಗ್‌ಟೈಮ್:
ಕಾಲು ಚೆಂಡಿಗೆ ತಾಗಿದಾಗ ವಾಚ್ ಒತ್ತಿ, ರಿಟರ್ನರ್ ಕೈಗೆ ಬಂದಾಗ ಅಥವಾ ನೆಲಕ್ಕೆ ಬಿದ್ದಾಗ ನಿಲ್ಲಿಸಿ. ಸದ್ದನ್ನು ನಂಬಬೇಡಿ, ಚಿತ್ರ ನೋಡಿ. ಪ್ರಸಾರದ ಕ್ಯಾಮೆರಾ ಬದಲಾದರೆ ಆ ಪಂಟ್ ಬಿಟ್ಟುಬಿಡಿ. ದೂರವನ್ನು ಸ್ಕ್ರಿಮೇಜ್ ಲೈನ್‌ನಿಂದ (ಸ್ನ್ಯಾಪ್ ಆದ ಗೆರೆ) ಎಣಿಸಿ, ಪಂಟರ್ ನಿಂತ ಜಾಗದಿಂದಲ್ಲ. ಆಮೇಲೆ ದೂರವನ್ನು 10ರಿಂದ ಭಾಗಿಸಿ: 42 ಯಾರ್ಡ್‌ಗೆ 4.2 ಸೆಕೆಂಡ್, 45ಕ್ಕೆ 4.5. ಗಾಳಿಯಲ್ಲಿ ಅಷ್ಟು ಹೊತ್ತು ಇದ್ದರೆ ಕವರೇಜ್ ಅಲ್ಲಿ ತಲುಪಿರುತ್ತದೆ. 48 ಯಾರ್ಡ್ ಹೋಗಿ 3.9ರಲ್ಲೇ ಇಳಿದ ಪಂಟ್ ಕಂಡರೆ ಅಂಕಿಅಂಶದಲ್ಲಿ ಚೆನ್ನಾಗಿ ಕಾಣುತ್ತದೆ, ಆದರೆ ರಿಟರ್ನರ್‌ಗೆ ಓಡಲು ಹತ್ತು ಯಾರ್ಡ್ ಖಾಲಿ ಸಿಕ್ಕಿರುತ್ತದೆ. ನಿಮ್ಮ ಪಟ್ಟಿಯಲ್ಲಿ ಆ ಪಂಟ್‌ಗಳಿಗೆ ಬೇರೆ ಗುರುತು ಹಾಕಿ, ಜೊತೆಗೆ ಯಾವ ಬದಿಗೆ ಬಿತ್ತು, ಗನ್ನರ್‌ಗಳು ಯಾವ ಬದಿಗೆ ಓಡಿದರು ಅನ್ನುವ ಎರಡು ಕಾಲಂ ಇಡಿ.